ಬೂದಿ ಮುಂದೆ ಹೋಗದ ಆ ಗಳಿಗೆ

ನಮಸ್ಕಾರ,

ಅಮ್ಮನ ಅಸ್ಥಿ ಬಿಡಲು ಅಣ್ಣ-ತಂಗಿ ಶ್ರೀರಂಗಪಟ್ಟಣದ ಪಶ್ಚಿಮವಾಹಿನಿಗೆ ಹೋಗುವ ನಿಮ್ಮ ಕಥೆ ಓದಿದೆ. ಈಗಿರುವ ಹಾಗೆ ನಮ್ಮ ಪತ್ರಿಕೆಯಲ್ಲಿ ಹಾಕಿಕೊಳ್ಳಲು ಆಗುವುದಿಲ್ಲ. ಆದರೆ ಮೂರನೇ ಪುಟ ತಲೆಯಿಂದ ಹೋಗುತ್ತಿಲ್ಲ, ಅದಕ್ಕೇ ಈ ಪತ್ರ.

ಬೇಸಿಗೆ. ಹೊಳೆಯಲ್ಲಿ ಮೊಣಕಾಲುದ್ದ ನೀರೂ ಇಲ್ಲ. ಅಣ್ಣ ಕುಡಿಕೆ ಬಗ್ಗಿಸುತ್ತಾನೆ. ಬೂದಿ ಮುಂದೆ ಹೋಗುವುದೇ ಇಲ್ಲ, ಅವನ ಕಾಲ ಸುತ್ತಲೇ ನಿಲ್ಲುತ್ತದೆ. ಬಗ್ಗಿ ಎರಡು ಬೊಗಸೆ ನೀರು ಹೊಯ್ದು ತಳ್ಳುತ್ತಾನೆ. ದಡದಿಂದ ಪುರೋಹಿತರು, "ಸಾಕು ಬನ್ನಿ, ಇನ್ನೂ ಮೂರು ಮನೆಯವರು ಕಾಯ್ತಿದ್ದಾರೆ" ಅನ್ನುತ್ತಾರೆ. ಇದನ್ನು ಬರೆದವರು ಮೊದಲೆರಡು ಪುಟ ಯಾಕೆ ಹಾಗೆ ಬರೆದಿರಿ?

ಅಲ್ಲಿ "ಕಣ್ಣೀರ ಕಾವೇರಿ" ನಾಲ್ಕು ಸಲ ಬಂದಿದೆ, ಎಣಿಸಿದೆ. ಒಂದೇ ಪ್ಯಾರಾದಲ್ಲಿ ಗಂಗೆ, ವೈತರಣಿ, ಕ್ಷೀರಸಾಗರ ಮೂರೂ ಇವೆ. ಇಷ್ಟೊಂದು ಪುಣ್ಯನಾಮ ಬಂದರೆ ಓದುಗರು ಕೈಮುಗಿದು ಮುಂದೆ ಹೋಗಿಬಿಡುತ್ತಾರೆ, ತಂಗಿಯ ಮುಖ ನೋಡುವುದೇ ಇಲ್ಲ. ಪೂರ್ವಕ್ಕೆ ಹರಿಯುವ ಕಾವೇರಿ ಅಲ್ಲಿ ಪಶ್ಚಿಮಕ್ಕೆ ತಿರುಗುತ್ತಾಳೆ ಅಂತ ಹೇಳಿ ಸುಮ್ನೆ ಬಿಡಿ. ಪಶ್ಚಿಮ ಅಂದರೆ ಬದುಕಿನ ಮುಳುಗುವ ದಿಕ್ಕು ಅಂತ ಬಿಡಿಸಿ ಹೇಳಬೇಡಿ.

ಹತ್ತನೇ ದಿನದ ಕಾಗೆ ಚೆನ್ನಾಗಿದೆ. ಪಿಂಡ ಮುಟ್ಟುವುದಿಲ್ಲ. "ತಂಗಿ ಮದ್ವೆ ನಾನ್ ಮಾಡ್ತೀನಮ್ಮಾ" ಅಂತ ಅಣ್ಣ ಗೊಣಗಿದ ಮೇಲೆ ಬರುತ್ತದೆ. ತಂಗಿಗೆ ಸಿಟ್ಟು ಬಂತಾ ಅಂತ ನನಗೆ ತಿಳಿಯಬೇಕಿತ್ತು. ನೀವೋ, "ಕಾಗೆ ಪಿತೃಗಳ ಸಂಕೇತ" ಅಂತ ಪಾಠ ಮಾಡಿದ್ದೀರಿ. ಅದು ನಮ್ಮ ಓದುಗರಲ್ಲಿ ಯಾರಿಗೆ ಗೊತ್ತಿಲ್ಲ ಹೇಳಿ? ಗಣಪತಿ ಕಾಗೆಯಾಗಿ ಬಂದು ಅಗಸ್ತ್ಯರ ಕಮಂಡಲ ಉರುಳಿಸಿದ್ದಕ್ಕೇ ಕಾವೇರಿ ಹರಿದಳು ಅನ್ನುವ ಕಥೆ ಇದೆಯಲ್ವಾ? ವೈತರಣಿಯನ್ನು ಅಷ್ಟು ದೂರದಿಂದ ಕರೆಸಿದಿರಿ, ಇದೇ ಹೊಳೆಯ ಕಾಗೆಯನ್ನು ಮರೆತಿರಿ. ಬೇಕಿದ್ದರೆ ಅಜ್ಜಿಯ ಬಾಯಲ್ಲಿ ಒಂದೇ ಸಾಲು ಬರಲಿ.

ಕೊನೆ ನಂಬಲಾಗಲಿಲ್ಲ. ಹನ್ನೊಂದು ದಿನದಲ್ಲಿ ಅವಳ ದುಃಖ "ಜಲದಲ್ಲಿ ಲೀನವಾಗಿ" ಆತ್ಮ ಹಗುರಾಯಿತಂತೆ. ಬೂದಿಯೇ ಹೋಗಲಿಲ್ಲ, ದುಃಖ ಹೇಗೆ ಹೋಯಿತು?

ಕುಡಿಕೆಯ ಬಾಯಿಗೆ ಕಟ್ಟಿದ್ದ ಕೆಂಪು ಬಟ್ಟೆಯನ್ನು ತಂಗಿ ಬಿಚ್ಚಿ ಮುಷ್ಟಿಯಲ್ಲಿ ಹಿಡಿದುಕೊಳ್ಳುತ್ತಾಳೆ. ಆಮೇಲೆ ಅದರ ಸುದ್ದಿಯೇ ಇಲ್ಲ. ವಾಪಸ್ ಬರುವಾಗ ಕಾರಿನಲ್ಲಿ ಅದು ಎಲ್ಲಿತ್ತು? ಅಲ್ಲಿಂದ ಮತ್ತೆ ಬರೆದು ಕಳಿಸಿ.