ಊರಿನ ದಿನಪತ್ರಿಕೆ ಯಾರದ್ದು?

ಪ್ರಶ್ನೆ: ನಮ್ಮೂರಿನ ದಿನಪತ್ರಿಕೆಯೊಂದರ ಇತಿಹಾಸ ಬರೆಯಲು ಹೊರಟಿದ್ದೇನೆ. ಯಾವಾಗ ಶುರುವಾಯಿತು, ಯಾರ ಕೈಯಿಂದ ಯಾರ ಕೈಗೆ ಹೋಯಿತು ಎಂದರೆ ಒಬ್ಬೊಬ್ಬರು ಒಂದೊಂದು ಹೇಳುತ್ತಾರೆ. ದಾಖಲೆ ಎಲ್ಲಿ ಸಿಗುತ್ತದೆ? (ಓದುಗರು, ಹಾವೇರಿ)

ಉತ್ತರ: ಪತ್ರಿಕೆಯೊಳಗೇ ಇದೆ. ಗ್ರಂಥಾಲಯದಲ್ಲೋ ಪತ್ರಿಕಾ ಕಚೇರಿಯಲ್ಲೋ ಹಳೆಯ ಮಾರ್ಚ್ ತಿಂಗಳ ಸಂಚಿಕೆಗಳನ್ನು ತೆಗೆಸಿ. 1956ರ ಪತ್ರಿಕಾ ನೋಂದಣಿ ನಿಯಮಗಳ ಪ್ರಕಾರ, ಪ್ರತಿವರ್ಷ ಫೆಬ್ರುವರಿ ಮುಗಿದ ಮೇಲಿನ ಮೊದಲ ಸಂಚಿಕೆಯಲ್ಲಿ ‘ನಮೂನೆ 4’ ಎಂಬ ಹೇಳಿಕೆ ಅಚ್ಚಾಗಬೇಕಿತ್ತು. ಒಳಪುಟದ ಮೂಲೆಯಲ್ಲಿ ಸಣ್ಣ ಅಕ್ಷರದಲ್ಲಿರುವುದರಿಂದ ಕಣ್ತಪ್ಪುವುದು ಸುಲಭ. ಪ್ರಕಟಣೆಯ ಸ್ಥಳ, ಅವಧಿ, ಮುದ್ರಕ, ಪ್ರಕಾಶಕ, ಸಂಪಾದಕ ಎಲ್ಲ ಆದ ಮೇಲೆ ಬರುವ ಬಾಬು ನಿಮಗೆ ಬೇಕಾದದ್ದು: ಮಾಲೀಕರು, ಮತ್ತು ಒಟ್ಟು ಬಂಡವಾಳದಲ್ಲಿ ಶೇ 1ಕ್ಕಿಂತ ಹೆಚ್ಚು ಪಾಲಿರುವವರ ಹೆಸರು, ವಿಳಾಸ.

ಐದು ವರ್ಷಕ್ಕೊಂದರಂತೆ ನೋಡುತ್ತಾ ಹೋಗಿ. ಹೆಸರು ಬದಲಾಗಿದ್ದರೆ ಆ ಐದರೊಳಗಿನ ವರ್ಷಗಳನ್ನು ಒಂದೊಂದಾಗಿ ತೆಗೆಯಿರಿ. ವರ್ಷ ಗೊತ್ತಾದ ಮೇಲೆ, ಪ್ರತಿದಿನದ ಸಂಚಿಕೆಯಲ್ಲೂ ಬರುವ ‘ಇಂಥವರ ಪರವಾಗಿ ಇಂಥವರಿಂದ ಇಂಥ ಮುದ್ರಣಾಲಯದಲ್ಲಿ ಮುದ್ರಿತ, ಪ್ರಕಟಿತ’ ಎಂಬ ಸಾಲನ್ನು ಹಿಡಿಯಿರಿ. ಎಡವುವುದು ಇಲ್ಲೇ: ಪ್ರಕಾಶಕರೆಂದು ಹೆಸರಿರುವವರು ಸಂಬಳದ ನೌಕರರೂ ಆಗಿರಬಹುದು. ‘ಪರವಾಗಿ’ ಎಂಬುದರ ಹಿಂದಿನ ಹೆಸರೇ ಮಾಲೀಕರದ್ದು. ಒಡೆತನ ಬದಲಾದರೆ 1867ರ ಪತ್ರಿಕೆ ಮತ್ತು ಪುಸ್ತಕ ನೋಂದಣಿ ಕಾಯ್ದೆಯಡಿ ಜಿಲ್ಲಾ ಮ್ಯಾಜಿಸ್ಟ್ರೇಟರ (ಜಿಲ್ಲಾಧಿಕಾರಿಯ) ಮುಂದೆ ಹೊಸ ಘೋಷಣೆ ಸಲ್ಲಿಸಬೇಕಿತ್ತು. ಅದರ ಪ್ರತಿಗೆ ಜಿಲ್ಲಾಧಿಕಾರಿ ಕಚೇರಿಗೆ 10 ರೂಪಾಯಿ ಶುಲ್ಕದೊಂದಿಗೆ ಮಾಹಿತಿ ಹಕ್ಕಿನ ಅರ್ಜಿ ಹಾಕಿ. ಪತ್ರಿಕೆಯ ಹೆಸರು, ಅಂದಾಜು ವರ್ಷ ಎರಡನ್ನೂ ಬರೆಯಿರಿ, ಇಲ್ಲದಿದ್ದರೆ ಕಡತ ಸಿಗಲಿಲ್ಲವೆಂಬ ಉತ್ತರ ಬಂದೀತು. 2024ರ ಮಾರ್ಚ್ 1ರಿಂದ ಹೊಸ ಕಾಯ್ದೆ ಜಾರಿಯಲ್ಲಿದ್ದು, ನೋಂದಣಿ ಆನ್‌ಲೈನ್ ಆಗಿದೆ.

ಹುಟ್ಟಿದ ವರ್ಷಕ್ಕೆ ಸಂಪುಟ ಸಂಖ್ಯೆಯೊಂದನ್ನೇ ನಂಬಬೇಡಿ. ವಾರಪತ್ರಿಕೆಯಾಗಿದ್ದ ಕಾಲದಿಂದ ಎಣಿಸಿರಬಹುದು, ನಡುವೆ ನಿಂತ ವರ್ಷಗಳನ್ನು ಬಿಟ್ಟಿರಬಹುದು. ನೋಂದಣಿ ಸಂಖ್ಯೆಯಲ್ಲಿರುವ ಇಸವಿ ನೋಂದಣಿಯದ್ದು, ಆರಂಭದ್ದಲ್ಲ. ಪತ್ರಿಕಾ ನೋಂದಣಿ ಕಚೇರಿಯೇ ಶುರುವಾದದ್ದು 1956ರ ಜುಲೈ 1ರಂದು. ವಾರ್ಷಿಕೋತ್ಸವದ ವಿಶೇಷಾಂಕಗಳನ್ನು ಓದಿ, ಆದರೆ ಜಗಳವಾಡಿ ಹೊರಹೋದ ಪಾಲುದಾರರ ಹೆಸರನ್ನು ಅಲ್ಲಿ ಹುಡುಕಬೇಡಿ. ಅವರು ಸಿಗುವುದು ನಮೂನೆ 4ರಲ್ಲೇ.

ಮಾಲೀಕರು ಕಂಪನಿಯಾಗಿದ್ದರೆ, ಪ್ರಜಾವಾಣಿಯ ‘ದಿ ಪ್ರಿಂಟರ್ಸ್ (ಮೈಸೂರು)’ ಹಾಗೆ, ಕಂಪನಿ ವ್ಯವಹಾರಗಳ ಸಚಿವಾಲಯದ ತಾಣದಲ್ಲಿ ಶುಲ್ಕ ಕಟ್ಟಿ, ಷೇರುದಾರರ ವಿವರವಿರುವ ವಾರ್ಷಿಕ ವಿವರಣಾ ಪತ್ರ (ಆ್ಯನ್ಯುಯಲ್ ರಿಟರ್ನ್) ನೋಡಬಹುದು. ಟ್ರಸ್ಟ್ ಆಗಿದ್ದರೆ ಷೇರುದಾರರೇ ಇರುವುದಿಲ್ಲ; ಟ್ರಸ್ಟ್ ಪತ್ರ ಹುಡುಕಬೇಕು, ಕೋರ್ಟ್ ತೀರ್ಪುಗಳೂ ನೆರವಾಗುತ್ತವೆ. ನಿಮ್ಮ ಸೀಮೆಯದೇ ಉದಾಹರಣೆ ಸಂಯುಕ್ತ ಕರ್ನಾಟಕ. ಅದನ್ನು ನಡೆಸುವ ಲೋಕಶಿಕ್ಷಣ ಟ್ರಸ್ಟಿನ ಆದಾಯ ತೆರಿಗೆ ವಿನಾಯಿತಿ ವ್ಯಾಜ್ಯ ಸುಪ್ರೀಂ ಕೋರ್ಟಿನಲ್ಲಿ 1975ರಲ್ಲಿ ಇತ್ಯರ್ಥವಾಯಿತು. ಪತ್ರಿಕೆ ನಡೆಸುವುದು ತೆರಿಗೆ ಕಾಯ್ದೆಯ ಅರ್ಥದಲ್ಲಿ ‘ಶಿಕ್ಷಣ’ ಅಲ್ಲ ಎಂದಿತು ನ್ಯಾಯಾಲಯ. ಟ್ರಸ್ಟಿನ ಉದ್ದೇಶಗಳು, ಅದರ ಪತ್ರಿಕೆಗಳ ವಿವರ ಆ ತೀರ್ಪಿನಲ್ಲೇ ಇವೆ.

ಹಳೆಯ ಸಂಪುಟಗಳನ್ನು ದಯವಿಟ್ಟು ಜೆರಾಕ್ಸ್ ಯಂತ್ರದ ಮೇಲೆ ಬೋರಲು ಹಾಕಿ ಒತ್ತಬೇಡಿ. ಹಪ್ಪಳದಂತಾದ ಕಾಗದ ಹೊಲಿಗೆಯ ಬಳಿ ಮುರಿಯುತ್ತದೆ. ಕಿಟಕಿಯ ಬೆಳಕಿನಲ್ಲಿ ಮೊಬೈಲಿನಿಂದ ಫೋಟೊ ತೆಗೆಯಿರಿ. ಪ್ರತಿ ಸಲವೂ ಮೊದಲು ದಿನಾಂಕವಿರುವ ಮುಖಪುಟ, ಆಮೇಲೆ ಹೇಳಿಕೆ ಇರುವ ಪುಟ.