ರಜೆಗೆ ಸಿಹಿ-ಉಪ್ಪು ಸ್ನ್ಯಾಕ್ ಮಿಕ್ಸ್ ಸುಲಭವಾಗಿ ಮಾಡುವುದು ಹೇಗೆ? ಹೋದ ಸಲ ಬಿಳಿ ಚಾಕೊಲೇಟ್ ಮುದ್ದೆಗಟ್ಟಿತು, ಒಂದು ಕಪ್ ಒಣದ್ರಾಕ್ಷಿಯನ್ನೂ ಸೇರಿಸಿ ಮಾಡಿದ್ದು ಮಾರನೇ ದಿನಕ್ಕೇ ಮೆತ್ತಗಾಯಿತು. ಈ ಸಲ ಹನ್ನೆರಡು ಜನಕ್ಕೆ, ಓವನ್ ಇಲ್ಲದೆ ಆಗಬೇಕು. ಸಿಹಿ ಎಷ್ಟು, ಉಪ್ಪು ಎಷ್ಟು ಹಾಕಲಿ?

ನಿಮ್ಮ ಪ್ರಶ್ನೆಯಲ್ಲಿ ಎರಡು ದೂರುಗಳಿವೆ. ಬಿಳಿ ಚಾಕೊಲೇಟ್ ಕರಗಿಸುವಾಗ ಮುದ್ದೆಗಟ್ಟಿತು. ಹೇಗೋ ಹೊಂದಿಸಿ ಡಬ್ಬಕ್ಕೆ ತುಂಬಿದ ಮಿಕ್ಸ್ ಮಾರನೇ ದಿನ ಮೆತ್ತಗಾಯಿತು. ನೋಡಲು ಎರಡೂ ಬೇರೆ ಬೇರೆ ತಪ್ಪು, ಮೂಲ ಮಾತ್ರ ಒಂದೇ: ನೀರು. ಈ ತಿಂಡಿಯಲ್ಲಿ ಅಡುಗೆ ಅನ್ನುವಂಥದ್ದು ಹೆಚ್ಚೇನೂ ಇಲ್ಲ, ಇರುವುದೆಲ್ಲ ನೀರನ್ನು ಹೊರಗಿಡುವ ಕೆಲಸ. ಅದೊಂದು ಕೈಗೆ ಹತ್ತಿಬಿಟ್ಟರೆ ಅಳತೆ ಸ್ವಲ್ಪ ಆಚೀಚೆಯಾದರೂ ಮಿಕ್ಸ್ ಕೆಡುವುದಿಲ್ಲ.

ನೀವು ಕೇಳಿರುವುದು ಹನ್ನೆರಡು ಜನಕ್ಕೆ, ಓವನ್ ಇಲ್ಲದೆ ಆಗುವಂಥದ್ದು. ಮೊದಲು ಅದನ್ನೇ ಹೇಳುತ್ತೇನೆ.

ಬೆಳಗ್ಗೆ ಹಾಲಿಗೆ ಹಾಕಿಕೊಂಡು ತಿನ್ನುವಂಥ, ಸಿಹಿಯಿಲ್ಲದ ಸೀರಿಯಲ್ 4 ಕಪ್ ತೆಗೆದುಕೊಳ್ಳಿ. ಅಕ್ಕಿಯದಾದರೂ ಸರಿ, ಮೆಕ್ಕೆಜೋಳದ್ದಾದರೂ ಸರಿ. ಬಲೆ ಹೆಣೆದಂತಿರುವ ಚೌಕದ ತುಂಡುಗಳು ಸಿಕ್ಕರೆ ಇನ್ನೂ ಒಳ್ಳೆಯದು, ಆ ಸಂದುಗಳಲ್ಲಿ ಚಾಕೊಲೇಟ್ ಹಿಡಿದು ನಿಲ್ಲುತ್ತದೆ. ತೆಳ್ಳನೆ ಚಕ್ಕೆಗಳು ಬೇಡ, ಕಲಸುವಾಗಲೇ ಅರ್ಧ ಪುಡಿಯಾಗಿರುತ್ತವೆ. ಇದರ ಜೊತೆ ಉಪ್ಪು ಹಚ್ಚಿದ ಸಣ್ಣ ಪ್ರೆಟ್ಜೆಲ್ (ಗಂಟಿನಾಕಾರದ ಗರಿಗರಿ ಬಿಸ್ಕತ್ತಿನಂಥದ್ದು) 2 ಕಪ್, ಹುರಿದ ಉಪ್ಪು ಕಡಲೆಕಾಯಿ ಬೀಜ 1 ಕಪ್, ಹುರಿದ ಬಾದಾಮಿ ಅಥವಾ ಗೋಡಂಬಿ 1 ಕಪ್. ಮೇಲೆ ಸುರಿಯಲು ಬಿಳಿ ಚಾಕೊಲೇಟ್ 300 ಗ್ರಾಂ. ಕೊನೆಗೆ ಬೆರೆಸಲು ಬಣ್ಣದ ಸಕ್ಕರೆ ಹೊದಿಕೆಯ ಚಾಕೊಲೇಟ್ ಗುಂಡುಗಳು 1 ಕಪ್. ಒಟ್ಟು ಒಂಬತ್ತು ಕಪ್‌ನಷ್ಟಾಗುತ್ತದೆ. ತಲೆಗೆ ಅರ್ಧ ಕಪ್ ಅಂದರೂ ಹನ್ನೆರಡು ಜನಕ್ಕೆ ಆಗಿ ಮೂರು ಕಪ್ ಉಳಿಯಬೇಕು. ಲೆಕ್ಕ ಹಾಗನ್ನುತ್ತದೆ, ನಮ್ಮ ಮನೆಯಲ್ಲಿ ಇದುವರೆಗೆ ಉಳಿದದ್ದಿಲ್ಲ.

ಚಾಕೊಲೇಟ್ ಮುಟ್ಟುವ ಮೊದಲು ಒಂದು ಕೆಲಸವಿದೆ. ಎಲ್ಲರೂ ಬಿಟ್ಟುಬಿಡುವುದು ಇದನ್ನೇ. ಸೀರಿಯಲ್, ಪ್ರೆಟ್ಜೆಲ್, ಬೀಜ ಪ್ರತಿಯೊಂದರಿಂದ ಒಂದೊಂದು ತುಂಡು ಬಾಯಿಗೆ ಹಾಕಿಕೊಳ್ಳಿ. ಪೊಟ್ಟಣ ಒಡೆದು ವಾರವಾಗಿದ್ದರೆ ಸೀರಿಯಲ್ ಆಗಲೇ ಗಾಳಿಯ ತೇವ ಕುಡಿದಿರುತ್ತದೆ. ಅಂಥದ್ದಕ್ಕೆ ಚಾಕೊಲೇಟ್ ಬಳಿದರೆ ಮೆತ್ತಗಿನದನ್ನೇ ಒಳಗಿಟ್ಟು ಬೀಗ ಹಾಕಿದಂತೆ. ದಪ್ಪ ತಳದ ಬಾಣಲೆಯಲ್ಲಿ, ಎಣ್ಣೆ ಹಾಕದೆ, ಸಣ್ಣ ಉರಿಯಲ್ಲಿ ಐದಾರು ನಿಮಿಷ ಕೈಯಾಡಿಸಿ. ಬಿಸಿಯಿರುವಾಗ ಗರಿಗರಿ ಆಯಿತೋ ಇಲ್ಲವೋ ತಿಳಿಯುವುದಿಲ್ಲ, ತಟ್ಟೆಯಲ್ಲಿ ಹರಡಿ ಪೂರ್ತಿ ಆರಿದ ಮೇಲೆ ಕಚ್ಚಿ ನೋಡಿ. ಬೀಜಗಳದ್ದು ಬೇರೆಯೇ ತಕರಾರು: ಹಳೆಯದಾದರೆ ಅದರೊಳಗಿನ ಎಣ್ಣೆ ಕಮಟು ಹಿಡಿಯುತ್ತದೆ. ಅದನ್ನು ಯಾವ ಚಾಕೊಲೇಟೂ ಮುಚ್ಚುವುದಿಲ್ಲ. ಕಮಟು ವಾಸನೆ ಬಂದರೆ ಮರುಮಾತಿಲ್ಲದೆ ಎಸೆಯಿರಿ.

ಈಗ ನಿಮ್ಮ ಮುದ್ದೆಯ ವಿಷಯ. ಬಿಳಿ ಚಾಕೊಲೇಟ್ ಎಂದರೆ ಕೊಬ್ಬಿನಲ್ಲಿ ತೇಲುತ್ತಿರುವ ಸಕ್ಕರೆ, ಹಾಲಿನ ಪುಡಿಯ ಅತಿ ಸಣ್ಣ ಕಣಗಳು. ಅದಕ್ಕೆ ನಾಲ್ಕು ಹನಿ ನೀರು ಬಿದ್ದರೆ ಸಾಕು, ಸಕ್ಕರೆ ಕಣಗಳ ಮೇಲ್ಮೈ ಅಂಟಂಟಾಗಿ ಒಂದಕ್ಕೊಂದು ಹಿಡಿದುಕೊಳ್ಳುತ್ತವೆ, ಕ್ಷಣದಲ್ಲಿ ಒರಟು ಹಿಟ್ಟಿನ ಮುದ್ದೆ. ನನಗೂ ಮೊದಲ ಸಲ ಹೀಗೇ ಆಯಿತು. ಕುದಿಯುವ ನೀರಿನ ಪಾತ್ರೆಯ ಮೇಲೆ ಬಟ್ಟಲಿಟ್ಟು ಕರಗಿಸುತ್ತಿದ್ದೆ. ಬೇಗ ಆಗಲಿ ಎಂದು ಮೇಲೊಂದು ತಟ್ಟೆ ಮುಚ್ಚಿದೆ. ತಟ್ಟೆ ಎತ್ತಿದಾಗ ಅದರ ಅಡಿಯಲ್ಲಿ ಕಟ್ಟಿದ್ದ ಹಬೆಯ ಹನಿಗಳು ಸಾಲಾಗಿ ಒಳಗಿಳಿದವು. ಆ ಮುದ್ದೆಯನ್ನು ಚಮಚದಲ್ಲಿ ಕೆರೆದು ತಿಂದದ್ದು ಬೇರೆ ಕತೆ. ಒಂದು ವಿಚಿತ್ರ ಗೊತ್ತಿರಲಿ: ಹನಿ ನೀರಿಗೆ ಗಟ್ಟಿಯಾದದ್ದು ಇನ್ನಷ್ಟು ಬಿಸಿ ಹಾಲನ್ನು ಚಮಚ ಚಮಚವಾಗಿ ಹಾಕುತ್ತ ಹೋದರೆ ಮತ್ತೆ ಸಡಿಲವಾಗುತ್ತದೆ. ಆದರೆ ಅದು ಆಗ ಸಾಸ್, ಮಿಕ್ಸ್‌ಗೆ ಬಳಿಯಲು ಬಾರದು, ಗರಿಗರಿಯನ್ನೆಲ್ಲ ನುಂಗಿಬಿಡುತ್ತದೆ. ಐಸ್‌ಕ್ರೀಮ್ ಮೇಲೆ ಸುರಿದುಕೊಳ್ಳಿ, ಮಿಕ್ಸ್‌ಗೆ ಹೊಸದು ಕರಗಿಸಿ.

ಹಾಗಾಗಿ ಬಟ್ಟಲು, ಚಮಚ, ಕೈ ಎಲ್ಲ ಒಣಗಿರಲಿ. ನೀರು ಕುದಿಸಿ ಒಲೆ ಆರಿಸಿಬಿಡಿ, ಅದರ ಮೇಲೆ ಬಟ್ಟಲಿಡಿ. ಬಟ್ಟಲಿನ ತಳ ನೀರಿಗೆ ತಾಗಬಾರದು, ಅಂಚಿನಿಂದ ಹಬೆ ನುಗ್ಗದಂತೆ ಬಟ್ಟಲು ಪಾತ್ರೆಗಿಂತ ಅಗಲವಿರಬೇಕು. ಮುಕ್ಕಾಲು ಕರಗುತ್ತಿದ್ದಂತೆ ಕೆಳಗಿಳಿಸಿ ಕಲಕುತ್ತಿದ್ದರೆ ಉಳಿದದ್ದು ತಾನಾಗಿ ಕರಗುತ್ತದೆ. ಚಾಕೊಲೇಟ್‌ನಲ್ಲಿರುವ ಕೊಬ್ಬು, ಅಂದರೆ ಕೋಕೋ ಬೆಣ್ಣೆ, ಕರಗುವುದು ಸುಮಾರು 34 ಡಿಗ್ರಿ ಸೆಲ್ಸಿಯಸ್‌ಗೆ, ನಮ್ಮ ಬಾಯಿಯ ಬಿಸಿಗಿಂತ ಕಡಿಮೆ. ಅದಕ್ಕೆ ದೊಡ್ಡ ಬೆಂಕಿ ಯಾಕೆ? ಬಿಳಿ ಚಾಕೊಲೇಟ್‌ನಲ್ಲಿ ಹಾಲು, ಸಕ್ಕರೆ ಹೆಚ್ಚಿರುವುದರಿಂದ ಬೇಗ ಸೀಯುತ್ತದೆ, 45 ಡಿಗ್ರಿ ದಾಟಿಸದಿದ್ದರೆ ಕ್ಷೇಮ. ಮೈಕ್ರೋವೇವ್ ಇದ್ದರೆ ಅರ್ಧ ಪವರ್‌ನಲ್ಲಿ 30 ಸೆಕೆಂಡ್ ಇಟ್ಟು ತೆಗೆದು ಕಲಕಿ, ಮತ್ತೆ 30 ಸೆಕೆಂಡ್. ಗಟ್ಟಿ ಅನಿಸಿದರೆ ಒಂದೆರಡು ಟೀ ಚಮಚ ವಾಸನೆಯಿಲ್ಲದ ಎಣ್ಣೆ ಹಾಕಿ. ಬೆಣ್ಣೆ ಹಾಕಬೇಡಿ, ಅದರಲ್ಲಿ ಶೇಕಡಾ 16ರ ಹತ್ತಿರ ನೀರಿದೆ.

ಅಂಗಡಿಯಲ್ಲಿ ಬಿಳಿ ಚಾಕೊಲೇಟ್ ಪಕ್ಕದಲ್ಲೇ 'ಕಾಂಪೌಂಡ್' ಅನ್ನುವುದೂ ಇರುತ್ತದೆ. ಅದರಲ್ಲಿ ಕೋಕೋ ಬೆಣ್ಣೆಯ ಬದಲು ಬೇರೆ ಸಸ್ಯದ ಕೊಬ್ಬು. ಚಾಕೊಲೇಟ್ ಪಂಡಿತರು ಮೂಗು ಮುರಿಯುತ್ತಾರೆ, ನಾನು ಈ ಮಿಕ್ಸ್‌ಗೆ ಕಣ್ಣು ಮುಚ್ಚಿ ಅದನ್ನೇ ತರುತ್ತೇನೆ. ಅಸಲಿ ಚಾಕೊಲೇಟನ್ನು ಟೆಂಪರ್ ಮಾಡದೆ, ಅಂದರೆ ಲೆಕ್ಕವಿಟ್ಟು ಬಿಸಿ ಮಾಡಿ ತಣಿಸದೆ, ಬಳಿದರೆ ಬೂದು ಗೆರೆ ಬೀಳುತ್ತದೆ, ಕೈಗೆ ಅಂಟುತ್ತದೆ. ಕಾಂಪೌಂಡ್‌ಗೆ ಆ ಉಪಚಾರವೇ ಬೇಡ. ರುಚಿಯಲ್ಲಿ ಒಂದು ಕೂದಲೆಳೆ ಹಿಂದೆ ಬೀಳುತ್ತದೆ, ಆದರೆ ಪ್ರೆಟ್ಜೆಲ್ ಉಪ್ಪಿನ ಜೊತೆ ತಿನ್ನುವಾಗ ಆ ವ್ಯತ್ಯಾಸ ಹಿಡಿಯುವವರು ನಿಮ್ಮ ಹನ್ನೆರಡು ಜನರಲ್ಲಿ ಒಬ್ಬರಿದ್ದರೆ ಹೆಚ್ಚು.

ಅಗಲವಾದ ಪಾತ್ರೆಗೆ ಒಣ ಪದಾರ್ಥಗಳನ್ನೆಲ್ಲ ಹಾಕಿ, ಕರಗಿದ್ದನ್ನು ಎರಡು ಸಲವಾಗಿ ಸುರಿಯಿರಿ. ಅಡಿಯಿಂದ ಮೇಲಕ್ಕೆ ಮಗುಚುವಂತೆ ಕಲಸಿ, ತಿರುವಬೇಡಿ. ಬಟರ್ ಪೇಪರ್ ಮೇಲೆ ತೆಳ್ಳಗೆ ಹರಡಿ. ಈಗ, ಚಾಕೊಲೇಟ್ ಇನ್ನೂ ಒದ್ದೆಯಿರುವಾಗಲೇ, ಕಾಲು ಟೀ ಚಮಚ ನುಣ್ಣನೆ ಉಪ್ಪನ್ನು ಎತ್ತರದಿಂದ ಉದುರಿಸಿ. ಉಪ್ಪಿಗೆ ಇದೊಂದೇ ಹೊತ್ತು. ಒಣಗಿದ ಮೇಲೆ ಉದುರಿಸಿದರೆ ಎಲ್ಲ ಜಾರಿ ಡಬ್ಬದ ತಳ ಸೇರುತ್ತದೆ, ಮೇಲಿನದು ಬರೀ ಸಿಹಿ, ಕೊನೆಯ ಹಿಡಿ ಸಮುದ್ರದ ನೀರು.

ಬಣ್ಣದ ಗುಂಡುಗಳನ್ನು ಹತ್ತು ನಿಮಿಷ ತಡೆದು ಒತ್ತಿ. ಬಿಸಿಗೆ ಹಾಕಿದರೆ ಒಳಗಿನದು ಮೆತ್ತಗಾಗಿ ಹೊದಿಕೆ ಬಿರುಕು ಬಿಡುತ್ತದೆ, ಬಿಳಿಯ ಮೇಲೆಲ್ಲ ಬಣ್ಣ ಹರಡುತ್ತದೆ. ಅವಸರಕ್ಕೆ ಫ್ರಿಜ್‌ನಲ್ಲಿಡಬೇಡಿ. ತಣ್ಣಗಾದದ್ದನ್ನು ಹೊರಗೆ ತೆಗೆದ ಕೂಡಲೇ ಗಾಳಿಯ ತೇವ ಅದರ ಮೇಲೆ ಬೆವರಿನಂತೆ ಕೂರುತ್ತದೆ, ಹೊರಗಟ್ಟಿದ ನೀರು ಹಿಂಬಾಗಿಲಿನಿಂದ ಬಂದ ಹಾಗೆ. ಒಂದು ಗಂಟೆ ಮೇಜಿನ ಮೇಲೇ ಬಿಡಿ.

ನಿಮ್ಮ ಎರಡನೇ ದೂರಿನ ಉತ್ತರ ನೀವೇ ಬರೆದ ಸಾಮಾನಿನ ಪಟ್ಟಿಯಲ್ಲಿತ್ತು: 'ಒಂದು ಕಪ್ ಒಣದ್ರಾಕ್ಷಿ'. ಹೆಸರಿಗೆ ಒಣ, ಆದರೆ ಅದರಲ್ಲಿ ಶೇಕಡಾ 15ರಷ್ಟು ನೀರು ಇದ್ದೇ ಇರುತ್ತದೆ. ಗರಿಗರಿ ಸೀರಿಯಲ್‌ನಲ್ಲಿ ಇರುವುದು ಎರಡು ಮೂರರಷ್ಟು. ಮುಚ್ಚಿದ ಡಬ್ಬದಲ್ಲಿ ಎರಡನ್ನೂ ಕೂಡಿಹಾಕಿದರೆ ತೇವ ಹೆಚ್ಚಿದ್ದ ಕಡೆಯಿಂದ ಕಡಿಮೆಯಿದ್ದ ಕಡೆಗೆ ಸರಿಯುತ್ತದೆ. ಮುಚ್ಚಳ ಎಷ್ಟು ಬಿಗಿಯೋ ಅಷ್ಟೂ ಒಳಗೊಳಗೇ. ಕೊನೆಗೆ ದ್ರಾಕ್ಷಿ ಕಲ್ಲಿನಂತಾಗುತ್ತದೆ, ಸೀರಿಯಲ್ ಬಟ್ಟೆಯಂತಾಗುತ್ತದೆ. ಕ್ರ್ಯಾನ್‌ಬೆರಿ, ಅಂಜೂರ, ಖರ್ಜೂರ, ಮಾರ್ಷ್‌ಮೆಲೋ ಎಲ್ಲಕ್ಕೂ ಇದೇ ಮಾತು. ಹುಳಿ-ಸಿಹಿಗೆ ಅವು ಬೇಕೇ ಬೇಕು ಅನಿಸಿದರೆ ಬೇರೆ ಡಬ್ಬದಲ್ಲಿಟ್ಟು, ಬಡಿಸುವ ಹೊತ್ತಿಗೆ ಬೆರೆಸಿ. ಪಾಪ್‌ಕಾರ್ನ್ ಕೂಡ ಹಾಗೇ, ಎಲ್ಲಕ್ಕಿಂತ ಮೊದಲು ಸೋಲುವುದು ಅದು. ಹಾಕುವುದಾದರೆ ಅರಳದೆ ಉಳಿದ ಕಾಳುಗಳನ್ನು ಆರಿಸಿ ತೆಗೆಯಿರಿ, ನೆಂಟರ ಹಲ್ಲು ಮುರಿದರೆ ರಜೆ ದಂತವೈದ್ಯರ ಹತ್ತಿರ ಕಳೆಯಬೇಕಾಗುತ್ತದೆ.

ಓವನ್ ಇರುವವರೂ ಇದನ್ನು ಓದಬಹುದು, ಅವರಿಗೆ ಪಾಕದ ದಾರಿ. ನನಗೆ ನಿಜಕ್ಕೂ ಇಷ್ಟ ಇದೇ. ಅರ್ಧ ಕಪ್ ಬೆಣ್ಣೆ, ಮುಕ್ಕಾಲು ಕಪ್ ಕಂದು ಸಕ್ಕರೆ, ಎರಡು ದೊಡ್ಡ ಚಮಚ ಜೇನು, ಅರ್ಧ ಟೀ ಚಮಚ ಉಪ್ಪು ಸೇರಿಸಿ ಕುದಿ ಬಂದ ಮೇಲೆ ಎರಡು ನಿಮಿಷ ಬಿಡಿ. ಒಲೆಯಿಂದ ಇಳಿಸಿ ಕಾಲು ಟೀ ಚಮಚ ಅಡುಗೆ ಸೋಡಾ ಹಾಕಿದರೆ ಪಾಕ ನೊರೆಗಟ್ಟಿ ಉಬ್ಬುತ್ತದೆ. ಆ ಗುಳ್ಳೆಗಳಿಂದಾಗಿಯೇ ಗಟ್ಟಿಯಾದ ಮೇಲೂ ಪಾಕ ಹಲ್ಲಿಗೆ ಹಗುರ, ಇಲ್ಲದಿದ್ದರೆ ಗಾಜು ಅಗಿದಂತೆ. ಬಿಸಿ ಪಾಕ ಕೈಗೆ ತಾಗದಂತೆ ನೋಡಿಕೊಳ್ಳಿ, ಅಂಟಿಕೊಂಡೇ ಸುಡುತ್ತದೆ. ಇದನ್ನು ಎಂಟು ಕಪ್ ಒಣ ಮಿಶ್ರಣಕ್ಕೆ ಕಲಸಿ, 120 ಡಿಗ್ರಿ ಸೆಲ್ಸಿಯಸ್ ಓವನ್‌ನಲ್ಲಿ 45 ನಿಮಿಷ, ಹದಿನೈದು ನಿಮಿಷಕ್ಕೊಮ್ಮೆ ಮಗುಚುತ್ತ. ಇಲ್ಲಿ ಬೆಣ್ಣೆಯ ನೀರು ಅಡ್ಡಿಯಿಲ್ಲ, ಓವನ್ ಅದನ್ನು ಹಾರಿಸಿಬಿಡುತ್ತದೆ. ಅಂದಹಾಗೆ, ಈ ಬಗೆಯ ಮಿಕ್ಸ್ ಮನೆಮನೆಗೆ ಹೊಕ್ಕಿದ್ದು 1950ರ ದಶಕದ ಅಮೆರಿಕದಲ್ಲಿ, 'ಚೆಕ್ಸ್' ಸೀರಿಯಲ್ ಮಾರುತ್ತಿದ್ದ ಕಂಪನಿ ಹಂಚಿದ ಪಾರ್ಟಿ ಮಿಕ್ಸ್ ವಿಧಾನದ ಮೂಲಕ. ಅದು ಬೆಣ್ಣೆ, ಹುಳಿ-ಉಪ್ಪಿನ ವೂಸ್ಟರ್‌ಶೈರ್ ಸಾಸ್ ಹಾಕಿ ಹದವಾಗಿ ಹುರಿಯುವ ಖಾರಾ-ಉಪ್ಪಿನ ತಿಂಡಿ.

ಸಿಹಿ ಎಷ್ಟು, ಉಪ್ಪು ಎಷ್ಟು ಎಂದೂ ಕೇಳಿದ್ದೀರಿ. ಉಪ್ಪಿನ ಕೆಲಸ ಬರೀ ಉಪ್ಪಾಗಿರುವುದಲ್ಲ, ಅದು ಕಹಿಯನ್ನು ಅಡಗಿಸುತ್ತದೆ. ಕಹಿ ಅಡಗಿದಾಗ ಅದರ ಕೆಳಗಿದ್ದ ಸಿಹಿ ಎದ್ದು ಕಾಣುತ್ತದೆ. ಬ್ರೆಸ್ಲಿನ್ ಮತ್ತು ಬೋಚಾಂಪ್ ಎಂಬ ಇಬ್ಬರು ಸಂಶೋಧಕರು 1997ರಲ್ಲಿ 'ನೇಚರ್' ಪತ್ರಿಕೆಯಲ್ಲಿ ಇದನ್ನೇ ತೋರಿಸಿದ್ದರು. ಬಾದಾಮಿ ಸಿಪ್ಪೆಯಲ್ಲಿ, ಹುರಿದ ಬೀಜದಲ್ಲಿ, ಕಂದು ಪಾಕದಲ್ಲಿ ಒಂದು ಸಣ್ಣ ಕಹಿ ಇದ್ದೇ ಇರುತ್ತದೆ, ಹಾಗಾಗಿ ಚಿಟಿಕೆ ಉಪ್ಪು ಹೆಚ್ಚಾದರೆ ಸಕ್ಕರೆ ಕಡಿಮೆ ಸಾಕಾಗುತ್ತದೆ. ನನ್ನ ಅಳತೆ: ಉಪ್ಪಿನ ತುಂಡುಗಳು ಎರಡು ಪಾಲು, ಸಿಹಿಯವು ಒಂದು ಪಾಲು. ಹೊದಿಕೆಯೇ ಸಿಹಿ ಎನ್ನುವುದನ್ನು ಮರೆತು ಸಿಹಿ ಸೀರಿಯಲ್ ಕೂಡ ಹಾಕಿದರೆ ನಾಲ್ಕು ತುತ್ತಿಗೇ ಸಾಕು ಸಾಕೆನಿಸುತ್ತದೆ.

ತುಂಬಿಡುವಾಗ ಪೂರ್ತಿ ಆರಿರಬೇಕು, ಉಗುರುಬೆಚ್ಚಗಿದ್ದರೂ ಮುಚ್ಚಳದಡಿ ಹನಿ ಕಟ್ಟುತ್ತದೆ. ಗಾಳಿಯಾಡದ ಡಬ್ಬದಲ್ಲಿ, ಒಲೆಯಿಂದ ದೂರ, ತಂಪಾದ ಕಡೆ ಇಟ್ಟರೆ ಎರಡು ವಾರಕ್ಕೆ ಮೋಸವಿಲ್ಲ. ಬಡಿಸುವ ಮುನ್ನ ಡಬ್ಬವನ್ನು ಕುಲುಕುವ ಅಭ್ಯಾಸ ಎಲ್ಲರಿಗೂ ಇದೆ, ಅದು ತಿರುಗುಬಾಣ. ಕುಲುಕಿದಷ್ಟೂ ಸಣ್ಣವು ಸಂದುಗಳಲ್ಲಿ ಕೆಳಗಿಳಿಯುತ್ತವೆ, ದೊಡ್ಡವು ಮೇಲೇರುತ್ತವೆ. ಭೌತವಿಜ್ಞಾನದವರು ಇದಕ್ಕೆ 'ಬ್ರೆಜಿಲ್ ನಟ್ ಪರಿಣಾಮ' ಎಂದು ಹೆಸರನ್ನೇ ಇಟ್ಟಿದ್ದಾರೆ. ಮೊದಲು ಕೈ ಹಾಕಿದವರಿಗೆ ಪ್ರೆಟ್ಜೆಲ್, ಕೊನೆಯವರಿಗೆ ಕಡಲೆಕಾಯಿ ಬೀಜ. ಅದರ ಬದಲು ಡಬ್ಬವನ್ನು ಅಗಲ ತಟ್ಟೆಗೆ ಬೋರಲು ಹಾಕಿ. ಹರಡಿದ ಹಾಳೆಯನ್ನು ಪೂರ್ತಿ ಬಿಡಿಸದೆ ಅಂಗೈಯಗಲದ ತುಂಡುಗಳಾಗಿ ಮುರಿದಿಟ್ಟರಂತೂ ಈ ರಗಳೆಯೇ ಇಲ್ಲ, ಒಂದೊಂದು ತುಂಡಿನಲ್ಲೂ ಎಲ್ಲವೂ ಇರುತ್ತದೆ.

ಬರುವವರಲ್ಲಿ ಯಾರಿಗಾದರೂ ಕಡಲೆಕಾಯಿ ಅಥವಾ ಬೀಜಗಳ ಅಲರ್ಜಿ ಇದೆಯೇ ಎಂದು ಮೊದಲೇ ಕೇಳಿಬಿಡಿ. ಇದ್ದರೆ ಆರಿಸಿ ತಿನ್ನಿ ಎಂದು ಹೇಳಿ ಕೈ ತೊಳೆದುಕೊಳ್ಳುವ ವಿಷಯವಲ್ಲ, ಅವರದ್ದು ಬೀಜವಿಲ್ಲದೆ ಬೇರೆ ಪಾತ್ರೆಯಲ್ಲಿ ಮೊದಲು ಮಾಡಿಟ್ಟು, ಡಬ್ಬದ ಮೇಲೆ ಹೆಸರು ಬರೆಯಿರಿ. ನಾಲ್ಕು ವರ್ಷದೊಳಗಿನ ಮಕ್ಕಳಿಗೆ ಇಡೀ ಬೀಜ, ಪಾಪ್‌ಕಾರ್ನ್ ಗಂಟಲಲ್ಲಿ ಸಿಕ್ಕುವ ಭಯವಿದೆ, ಆ ವಯಸ್ಸಿನವರಿಗೆ ಬರೀ ಸೀರಿಯಲ್ ತುಂಡು ಆರಿಸಿ ಕೊಡಿ.

ಇನ್ನೂ ಹೆಚ್ಚು ಜನ ಬರುತ್ತಾರೆ ಅಂದರೆ ಅಳತೆಯನ್ನು ಇಮ್ಮಡಿ ಮಾಡಿ ಒಂದೇ ಪಾತ್ರೆಯಲ್ಲಿ ಕಲಸಲು ಹೋಗಬೇಡಿ, ಅಡಿಯದು ಮೇಲೆ ಬರುವಷ್ಟರಲ್ಲಿ ಚಾಕೊಲೇಟ್ ಗಟ್ಟಿಯಾಗಿರುತ್ತದೆ. ಎರಡು ಸಲ ಮಾಡಿ. ಎರಡನೆಯದಕ್ಕೆ ಬಟ್ಟಲು ತೊಳೆದರೆ ಒರೆಸುವುದನ್ನು ಮಾತ್ರ ಮರೆಯಬೇಡಿ.