ಕಪುಸ್ತಿನ್ ಅವರ ‘ವೇರಿಯೇಷನ್ಸ್’ ಜಾಝೋ, ಕ್ಲಾಸಿಕಲ್ಲೋ?
ಸೋವಿಯತ್ ಸಂಗೀತ ಸಂಯೋಜಕ ನಿಕೊಲಾಯ್ ಕಪುಸ್ತಿನ್ 1984ರಲ್ಲಿ ಪಿಯಾನೊಗೆ ಬರೆದ ‘ವೇರಿಯೇಷನ್ಸ್’, ಓಪಸ್ (ಕೃತಿ ಸಂಖ್ಯೆ) 41, ಜಾಝ್ ಅಲ್ಲವೇ ಅಂತ ಕೇಳಿದ್ದೀರಿ. ಕಿವಿಗೆ ಜಾಝ್, ಕಾಗದದ ಮೇಲೆ ಅಪ್ಪಟ ಕ್ಲಾಸಿಕಲ್.

ಕೂತಲ್ಲೇ ಮನೋಧರ್ಮದಿಂದ ನುಡಿಸಿದಂತೆ ಕೇಳಿಸಿದರೂ ಪ್ರತಿ ಸ್ವರವನ್ನೂ ಮೊದಲೇ ಬರೆದಿಟ್ಟಿದ್ದಾರೆ. ಮಾಸ್ಕೋ ಕನ್ಸರ್ವೇಟರಿಯಲ್ಲಿ ಕಲಿತು, ಆಮೇಲೆ ಒಲೆಗ್ ಲುಂಡ್‌ಸ್ಟ್ರೆಮ್ ಅವರ ಜಾಝ್ ಬ್ಯಾಂಡಿನಲ್ಲಿ ವರ್ಷಗಟ್ಟಲೆ ನುಡಿಸಿದವರು. ಜಾಝ್, ಕ್ಲಾಸಿಕಲ್ ಎರಡೂ ಅವರ ಕೈಗೆ ಹತ್ತಿದ್ದು ಹಾಗೆ.

ಶುರುವಿನ ಧಾಟಿಯನ್ನು ಗಮನಿಸಿ ಕೇಳಿ. ಸಂಯೋಜಕ ಸ್ಟ್ರಾವಿನ್ಸ್ಕಿಯ ಬ್ಯಾಲೆ ‘ರೈಟ್ ಆಫ್ ಸ್ಪ್ರಿಂಗ್’ ಆರಂಭದ ಬಸೂನ್ (ಊದುವ ವಾದ್ಯ) ನೆನಪಾಗುತ್ತೆ, ಆದರೆ ನಡೆ ಸ್ವಿಂಗಿನದು, ಅಂದರೆ ಜಾಝ್‌ನ ತೂಗಾಡುವ ಲಯದ್ದು! ಮುಂದೆ ಅದೇ ಧಾಟಿ ವೇಷ ಬದಲಿಸುತ್ತಾ ಹೋಗುತ್ತೆ: ಎಡಗೈ ಬೇಸ್ ಗಿಟಾರಿನಂತೆ ನಡೆಯುತ್ತೆ, ಬಲಗೈ ಹರಟುತ್ತೆ. ನಡುವೆ ನಿಧಾನದ ಭಾಗ (ನನಗಿಷ್ಟವಾದದ್ದು ಅದೇ), ಕೊನೆಗೆ ಉಸಿರುಗಟ್ಟಿಸುವ ಪ್ರೆಸ್ಟೊ, ಅಂದರೆ ಅತಿ ವೇಗದ ಭಾಗ.